ಮೊದಲು ತಳ್ಳಬೇಕಾದವರು

ಸಿಂದಗಿ ತಾಲೂಕು, ಬಿಜಾಪುರ ಜಿಲ್ಲೆ
26 ಜೂನ್ 2005

ಸೆನ್ಪೈ ಅಶ್ಮಿತಾ ಅವರಿಗೆ ಗುರುನಾಥನ ನಮಸ್ಕಾರಗಳು.

ಕೆಲಸಕ್ಕೆ ಬಂದು ಸೇರಿ ಎರಡು ವಾರವಾಯಿತು. ವಸತಿ ಶಾಲೆಯ ಸುತ್ತ ಕರಿಮಣ್ಣಿನ ಹೊಲ ಬಿಟ್ಟರೆ ಬೇರೇನೂ ಇಲ್ಲ. ಫೋನು ಹೆಡ್‌ಮಾಸ್ತರರ ಕೋಣೆಯಲ್ಲಿದೆ, ಅದಕ್ಕೆ ಬೀಗವಿದೆ. ಹಾಗಾಗಿ ಪತ್ರ. ಡೊಂಬಿವಲಿಯ ಮನೆಗೆ ಬರೆದರೆ ನಿಮ್ಮ ತಂದೆಯವರು ಯಾರದೆಂದು ಕೇಳುತ್ತಾರೆ ಎಂದು ಬೇಲಾಪುರದ ನಿಮ್ಮ ಆಫೀಸಿನ ವಿಳಾಸಕ್ಕೆ ಹಾಕುತ್ತಿದ್ದೇನೆ. ತಪ್ಪಾಗಿದ್ದರೆ ಕ್ಷಮಿಸಿ.

ಕರಾಟೆಗೆ ಎಂಬತ್ತು ಮಕ್ಕಳು ಬರುತ್ತಾರೆ. ಹಿರಿಯರನ್ನು ಸೆನ್ಪೈ ಎಂದು ಕರೆಯಬೇಕೆಂದು ಕಲಿಸಿದೆ. ‘ಸೆನ್ಪೈರೀ’ ಅನ್ನುತ್ತಾರೆ. ಗುದ್ದಲು ಹೋದರೆ ಎದೆಯೊಡ್ಡಿ ನಿಲ್ಲುತ್ತಾರೆ. ಪಕ್ಕಕ್ಕೆ ಸರಿದರೆ ಮರ್ಯಾದೆ ಹೋಯಿತು ಅನ್ನುವ ಜನ. ಅದಕ್ಕೇ ಮೊನ್ನೆಯಿಂದ ನಮ್ಮ ಪ್ರೇಮನಾಥ ಮಾಸ್ತರ ಬೀಸುಕಲ್ಲು ಶುರುಮಾಡಿದೆ. ಇಬ್ಬರು ಎದುರುಬದುರು ನಿಂತು ಮಣಿಕಟ್ಟಿಗೆ ಮಣಿಕಟ್ಟು ತಾಗಿಸುವುದು. ಒಬ್ಬರು ಎದೆಯ ಕಡೆಗೆ ತಳ್ಳುವುದು, ಇನ್ನೊಬ್ಬರು ತಡೆಯದೆ ಬರಮಾಡಿಕೊಂಡು, ಸೊಂಟ ತಿರುಗಿಸಿ, ಆ ಬಲವನ್ನು ಸುತ್ತು ಹಾಕಿಸಿ ಪಕ್ಕಕ್ಕೆ ಕಳಿಸುವುದು. ಅದೇ ಸುತ್ತು ತಿರುಗಿ ತನ್ನ ತಳ್ಳುವಿಕೆಯಾಗುತ್ತದೆ. ಮಣಿಕಟ್ಟು ಮಾತ್ರ ಬಿಡುವಂತಿಲ್ಲ.

ಒಬ್ಬ ಹುಡುಗಿ ಕೇಳಿದಳು: “ಸರ, ಮೊದ್ಲ ಯಾರು ದಬ್ಬಬೇಕ್ರೀ?”

ಮಾಸ್ತರು ಹೇಳಿದ್ದನ್ನೇ ಹೇಳಿದೆ. ಕಿರಿಯರು ಮೊದಲು ತಳ್ಳಬೇಕು, ಹಿರಿಯರು ಕಾಯಬೇಕು. ಹಿರಿಯರೇ ಮೊದಲು ಕೈ ಮುಂದೆ ಮಾಡಿದರೆ ಅದು ಪಾಠವಲ್ಲ, ಜಬರದಸ್ತಿ. ಹೇಳುತ್ತಿದ್ದಂತೆ ಡೊಂಬಿವಲಿಯಲ್ಲಿ ಮಾಸ್ತರು ಕ್ಲಾಸು ನಡೆಸುವ ಟೆರೇಸು ಕಣ್ಣಿಗೆ ಬಂತು. ನೀವು ಮೂರು ವರ್ಷ ಹಿಂದೆಯೇ ಕಪ್ಪು ಪಟ್ಟಿ ಕಟ್ಟಿದವರು, ನಾನು ಈ ಏಪ್ರಿಲಿನಲ್ಲಿ. ನಿಮ್ಮೆದುರು ಯಾವಾಗಲೂ ನಾನೇ ಮೊದಲು ತಳ್ಳಿದ್ದು. ಅಲ್ಲಿ ಮಾತ್ರ ನನಗೆ ಆ ಧೈರ್ಯ.

ಹೊರಟ ದಿನ ಕಲ್ಯಾಣ ಸ್ಟೇಷನ್ನಿಗೆ ನೀವು ಬಂದದ್ದು ದೊಡ್ಡ ಮಾತು. ಒಂದು ವಿಷಯ ಹೇಳಬೇಕೆಂದಿದ್ದೆ. ಅವ್ವ, ಅಪ್ಪ, ಅಪ್ಪನ ಜೊತೆಯ ಮಾರ್ಕೆಟ್ಟಿನ ಹಮಾಲರೆಲ್ಲ ಸುತ್ತುವರಿದಿದ್ದರು, ಆಗಲಿಲ್ಲ. ಮುಂದೆ ಎಂದಾದರೂ ಹೇಳುತ್ತೇನೆ.

ಇತಿ,
ಗುರುನಾಥ


ಡೊಂಬಿವಲಿ
10 ಜುಲೈ 2005

ಗುರುನಾಥ,

ಅತಿ ವಿನಯ ಧೂರ್ತ ಲಕ್ಷಣ ಅನ್ನುತ್ತಾರೆ. ಪತ್ರ ಬರೆದು ಕ್ಷಮೆ ಕೇಳುವವನನ್ನು ನಾನು ಇದೇ ಮೊದಲು ನೋಡಿದ್ದು. ವಿಳಾಸ ಸರಿಯಾಗಿದೆ. ಆದರೆ ಆಫೀಸಿನಲ್ಲಿ ಟಪಾಲು ಹಂಚುವ ಅಂಗಾರಣ್ಣ ನಮ್ಮ ಊರಿನವರು. ಲಕೋಟೆಯನ್ನು ಬೆಳಕಿಗೆ ಹಿಡಿದು, “ಬಿಜಾಪುರದ್ದು ಮಾರಾಯ್ತಿ. ನಿನಗೆ ಅಲ್ಲಿ ಯಾರಿದ್ದಾರೆ?” ಎಂದು ಇಡೀ ಸೆಕ್ಷನ್ನಿಗೆ ಕೇಳಿಸುವಂತೆ ವಿಚಾರಿಸಿದರು. ಕರಾಟೆ ಸ್ಪರ್ಧೆಯ ಕಾಗದ ಎಂದೆ. ನಿನ್ನಿಂದ ಸುಳ್ಳು ಹೇಳುವುದನ್ನೂ ಕಲಿತ ಹಾಗಾಯಿತು.

ನಿನ್ನ ಜಾಗದಲ್ಲಿ ಮಾಸ್ತರು ಮಯೂರನನ್ನು ನನಗೆ ಜೋಡಿ ಮಾಡಿದ್ದಾರೆ. ಅವನ ಕೈಯೋ ಒನಕೆ. ತಳ್ಳಿದರೆ ಎದುರು ತಳ್ಳುತ್ತಾನೆ. ಹೋದ ವಾರ ಅವನಿಗೆ ಕಂದು ಪಟ್ಟಿ ಸಿಕ್ಕಿತು. ಮಾಸ್ತರು ಘೋಷಿಸುವ ಮೊದಲೇ ಕೆಳಗೆ ವಡಾಪಾವ್ ಗಾಡಿಯ ಹತ್ತಿರ ಡಂಗುರ ಹೊಡೆದ. ತನ್ನ ಪಟ್ಟಿಯ ಸುದ್ದಿ ತಾನೇ ಹೇಳಬಾರದೆಂಬ ನಿಯಮ ಮರೆತದ್ದಕ್ಕೆ ಒಂದು ವಾರ ಟೆರೇಸು ಗುಡಿಸುವ ಶಿಕ್ಷೆ.

ನಿಜವಾದ ಅಭ್ಯಾಸ ನನಗೆ ಲೋಕಲ್ ರೈಲುಗಾಡಿಯಲ್ಲೇ ಆಗುತ್ತಿದೆ. ಡೊಂಬಿವಲಿಯಿಂದ ಠಾಣೆ, ಅಲ್ಲಿಂದ ವಾಶಿ ಗಾಡಿ, ವಾಶಿಯಿಂದ ಹಾರ್ಬರ್ ಹಿಡಿದು ಬೇಲಾಪುರ. ಲೇಡೀಸ್ ಡಬ್ಬಿಯಲ್ಲಿ ಮುಂಬ್ರಾ ದಾಟುವಾಗಲೇ ಬೆನ್ನಿಗೆ ಬೆರಳು ತಿವಿದು “ಠಾಣ್ಯಾಲಾ ಉತರಾಯ್ಚಂಯ್ ಕಾ?” ಎಂದು ಕೇಳುತ್ತಾರೆ, ಠಾಣೆಯಲ್ಲಿ ಇಳಿಯುವುದಿದೆಯಾ ಅಂತ. ಹೌದೆಂದರೆ ತಳ್ಳುತ್ತಾರೆ. ನಾನು ಬೆನ್ನು ಬಿಗಿ ಮಾಡುವುದಿಲ್ಲ. ಭುಜ ತಿರುಗಿಸುತ್ತೇನೆ, ಅವರ ಅವಸರವೇ ನನ್ನನ್ನು ಪ್ಲಾಟ್‌ಫಾರ್ಮಿಗೆ ಇಳಿಸುತ್ತದೆ. ಮಾಸ್ತರಿಗೆ ಹೇಳಿದೆ. “ಹಾಗಾದರೆ ಫೀಸು ರೈಲ್ವೆಗೆ ಕೊಡು” ಎಂದರು.

ಸ್ಟೇಷನ್ನಿನಲ್ಲಿ ಹೇಳಬೇಕಾಗಿದ್ದ ವಿಷಯ ಯಾವುದು? ನಾನು ಕೇಳುವುದಿಲ್ಲ. ನಾನು ಹಿರಿಯವಳು, ಕಾಯುತ್ತೇನೆ. ಆದರೆ ಗುರುನಾಥ, ಬಹಳ ಕಾಯಿಸಬೇಡ.

ಅಶ್ಮಿತಾ


ಸಿಂದಗಿ ತಾಲೂಕು
29 ಜುಲೈ 2005

ಸೆನ್ಪೈ ಅವರಿಗೆ,

ಮುಂಬಯಿ, ಠಾಣೆ, ಕಲ್ಯಾಣ ಎಲ್ಲ ನೀರಿನಲ್ಲಿವೆ ಎಂದು ರೇಡಿಯೋ ಹೇಳುತ್ತಿದೆ. ಅಪ್ಪ ಅವ್ವ ಕ್ಷೇಮವೆಂದು ಊರಿನವರಿಂದ ತಿಳಿಯಿತು. ನಿಮ್ಮ ಸುದ್ದಿ ಯಾರಲ್ಲೂ ಇಲ್ಲ. ಫೋನಿನ ಬೀಗ ಮುರಿಯಲು ಕಲ್ಲು ಎತ್ತಿದ್ದೆ, ಹೆಡ್‌ಮಾಸ್ತರರೇ ಬಂದು ತೆಗೆದುಕೊಟ್ಟರು. ನಿಮ್ಮ ಮನೆಯ ಫೋನು ಹತ್ತುತ್ತಿಲ್ಲ. ಮೂರು ದಿನವಾಯಿತು, ಊಟ ಸೇರುತ್ತಿಲ್ಲ.

ಒಂದೇ ಸಾಲು ಬರೆಯಿರಿ. ಬರೀ ಹೆಸರು ಬರೆದರೂ ಸಾಕು.

ಗುರುನಾಥ


ಡೊಂಬಿವಲಿ
7 ಆಗಸ್ಟ್ 2005

ಗುರುನಾಥ,

ಬದುಕಿದ್ದೇನೆ. ಒಂದು ಸಾಲು ಮುಗಿಯಿತು. ಮುಂದಿನದ್ದು ಬಡ್ಡಿ.

ಆ ಮಂಗಳವಾರ ಮಧ್ಯಾಹ್ನವೇ ಆಫೀಸು ಬಿಟ್ಟೆ. ಠಾಣೆಯಿಂದ ಹೊರಟ ಗಾಡಿ ಕಳ್ವಾ ದಾಟಿ ನಿಂತಿತು. ಎರಡು ಗಂಟೆ ಕಾದು ಎಲ್ಲರೂ ಹಳಿಗೆ ಧುಮುಕಿದೆವು. ಒಂದು ಕಡೆ ಗುಡ್ಡದ ನೀರು ಹಳಿಯನ್ನು ಅಡ್ಡ ದಾಟಿ ಸಮುದ್ರದ ಖಾಡಿಗೆ ಓಡುತ್ತಿತ್ತು, ಮೊಣಕಾಲಿನ ತನಕ. ಕಾಲು ಬಿಗಿಮಾಡಿ ನಿಂತ ಹೆಂಗಸರು ಒಬ್ಬೊಬ್ಬರಾಗಿ ಬಿದ್ದರು. ನಾನು ಓರೆಯಾಗಿ ನಿಂತು, ಸೊಂಟ ಬಿಟ್ಟುಕೊಟ್ಟು, ನೀರು ನನ್ನನ್ನು ಬಳಸಿಕೊಂಡು ಹೋಗುವಂತೆ ಮಾಡಿದೆ. ಪಕ್ಕದಲ್ಲಿದ್ದ ಅಜ್ಜಿಯೊಬ್ಬರಿಗೆ ಮಣಿಕಟ್ಟು ಕೊಟ್ಟೆ, ಹಾಗೇ ದಾಟಿದೆವು. ಮುಂಬ್ರಾದಲ್ಲಿ ಗುರುತಿಲ್ಲದ ಮನೆಯವರು ಚಹಾ ಕೊಟ್ಟು, ಒಣ ಬಟ್ಟೆ ಕೊಟ್ಟು, ಎರಡು ದಿನ ಇಟ್ಟುಕೊಂಡರು.

ನಿನಗೊಂದು ಮಾತು ಹೇಳುತ್ತೇನೆ. ಆ ನೀರಿನ ನಡುವೆ ನನ್ನ ಕೈ ಹುಡುಕಿದ್ದು ನಿನ್ನ ಕೈಯನ್ನು. ನಾಲ್ಕು ವರ್ಷ ದಿನಾ ತಾಗಿದ ಮಣಿಕಟ್ಟು, ಕಣ್ಣು ಮುಚ್ಚಿದರೂ ಗುರುತು ಸಿಗುತ್ತದೆ.

ಇದನ್ನು ಓದಿ ಉಬ್ಬಬೇಡ ಮಾರಾಯ. ಆ ಹೊತ್ತಿಗೆ ಮಯೂರನ ಒನಕೆಯಾದರೂ ಆಗುತ್ತಿತ್ತು.

ಅಶ್ಮಿತಾ


ಸಿಂದಗಿ ತಾಲೂಕು
3 ಜೂನ್ 2007

ಅಶ್ಮಿತಾ ಅವರಿಗೆ,

ಎರಡು ವರ್ಷದಲ್ಲಿ ನಾವು ಬರೆದ ಪತ್ರಗಳನ್ನು ನಿನ್ನೆ ಒಟ್ಟಿಗೆ ಓದಿದೆ. ಹಿಮ್ಮಡಿ ಎಷ್ಟು ತಿರುಗಬೇಕು, ಮೊಣಕೈ ಪಕ್ಕೆಯಿಂದ ಎಷ್ಟು ದೂರವಿರಬೇಕು, ನಿಮ್ಮ ಗಾಡಿ ಎಷ್ಟು ತಡ, ನಮ್ಮ ಬೋರ್‌ವೆಲ್ಲಿನಲ್ಲಿ ಎಷ್ಟು ನೀರು. ಹೇಳಬೇಕಾದದ್ದೊಂದು ಬಿಟ್ಟು ಎಲ್ಲವೂ ಇದೆ. ಪ್ರತಿ ಸಲ ಬರೆಯಲು ಕುಳಿತು ಹಿಂಜರಿದೆ. ತಪ್ಪು ನನ್ನದೇ.

ಸೊಲ್ಲಾಪುರದ ಕರಾಟೆ ಶಿಬಿರ ಮುಗಿಸಿ ಬಂದೆ. ಅಲ್ಲಿ ಆದದ್ದನ್ನು ಮಾಸ್ತರಿಗೆ ಬರೆದಿದ್ದೇನೆ, ಅವರು ಹೇಳಿರುತ್ತಾರೆ. ನಾನೇ ಹೇಳುವುದು ಸರಿಯಲ್ಲ, ನಿಮಗೆ ಗೊತ್ತಿದೆ. ಇನ್ನು ಮೇಲೆ ಆ ಮಾತನ್ನು ಎತ್ತುವ ಸರದಿ ನನ್ನದಲ್ಲ. ಹಾಗೆಂದು ಸಮಾಧಾನವೂ ಆಗುತ್ತಿದೆ, ಅದು ಹೇಡಿಯ ಸಮಾಧಾನ ಎಂದೂ ಗೊತ್ತು. ಏನಿದ್ದರೂ ನಿಮ್ಮ ಪತ್ರಕ್ಕಾಗಿ ಕಾಯುತ್ತೇನೆ.

ಗುರುನಾಥ


ಡೊಂಬಿವಲಿ
24 ಜೂನ್ 2007

ಗುರುನಾಥ ಅವರಿಗೆ,

ನಿಮ್ಮ ಪತ್ರ ತಲುಪಿತು. ‘ಸೆನ್ಪೈ’ ಎಂದು ಕರೆಯುವುದನ್ನು ಬಿಟ್ಟಿದ್ದೀರಿ. ಆ ಮಾತನ್ನು ಇನ್ನು ಎತ್ತುವುದಿಲ್ಲ ಎಂದೂ ಬರೆದಿದ್ದೀರಿ. ಸೊಲ್ಲಾಪುರದಲ್ಲಿ ಏನಾಯಿತೋ ನನಗೆ ಗೊತ್ತಿಲ್ಲ, ಮಾಸ್ತರು ಏನೂ ಹೇಳಲಿಲ್ಲ, ಹೇಳದ್ದನ್ನು ಕೆದಕಿ ಕೇಳುವ ಜಾತಿ ನನ್ನದಲ್ಲ. ನನಗೆ ಎಷ್ಟು ಅರ್ಥವಾಗಬೇಕೋ ಅಷ್ಟು ಅರ್ಥವಾಯಿತು.

ಇಲ್ಲಿಯ ಸುದ್ದಿ. ಹೋದ ಭಾನುವಾರ ವಾಶಿಯಿಂದ ನನ್ನನ್ನು ನೋಡಲು ಬಂದಿದ್ದರು. ಹುಡುಗನ ಹೆಸರು ರಂಜನ್, ನಮ್ಮ ಹಾಗೆ ಅವರದ್ದೂ ಹೋಟೆಲ್ ಇದೆ, ಅಪ್ಪನಿಗೆ ಹಳೆಯ ಪರಿಚಯ. ಅಮ್ಮ ಗೋಳಿಬಜೆ ಮಾಡಿದ್ದಳು. ನಾನು ಸೀರೆ ಉಟ್ಟಿದ್ದೆ. ಅವರು ಹೋದ ಮೇಲೆ ಅಪ್ಪ ಕೇಳಿದರು: “ಇಪ್ಪತ್ತೈದಾಯ್ತು. ಇನ್ನು ಯಾರಿಗೆ ಅಂತ ಕಾಯುವುದು ಮಗಾ?”

ಅದಕ್ಕೆ ಉತ್ತರ ನಿಮ್ಮಲ್ಲಿದ್ದರೆ ಬರೆಯಿರಿ.

ಅಶ್ಮಿತಾ


ಸಿಂದಗಿ ತಾಲೂಕು
2 ಸೆಪ್ಟೆಂಬರ್ 2007

ಅಶ್ಮಿತಾ ಅವರಿಗೆ,

ಉತ್ತರ ಬರೆಯಲು ತಡವಾಯಿತು. ನೀವು ಬರೆದದ್ದರಲ್ಲೇ ಉತ್ತರವಿತ್ತು, ಅದನ್ನು ಒಪ್ಪಿಕೊಳ್ಳಲು ಇಷ್ಟು ದಿನ ಹಿಡಿಯಿತು. ರಂಜನ್ ಅವರ ಮನೆತನ ಒಳ್ಳೆಯದೇ ಇರುತ್ತದೆ. ಬರುವ ಬಲಕ್ಕೆ ಎದುರು ನಿಲ್ಲಬಾರದು ಎಂದು ಮಾಸ್ತರು ಕಲಿಸಿದ್ದಾರೆ. ನಾನು ಪಕ್ಕಕ್ಕೆ ಸರಿದಿದ್ದೇನೆ.

ಸುಖವಾಗಿರಿ.

ಗುರುನಾಥ


ಸಿಂದಗಿ ತಾಲೂಕು
19 ಏಪ್ರಿಲ್ 2009

ಅಶ್ಮಿತಾ ಅವರಿಗೆ,

ಬಹಳ ದಿನದ ನಂತರ ಬರೆಯುತ್ತಿದ್ದೇನೆ. ಮದುವೆಯಾದ ಮೇಲೂ ಇದೇ ಆಫೀಸಿನಲ್ಲಿದ್ದೀರಿ ಎಂದುಕೊಂಡು ಈ ವಿಳಾಸಕ್ಕೇ ಹಾಕುತ್ತಿದ್ದೇನೆ. ಜೊತೆಗೆ ನನ್ನ ಲಗ್ನಪತ್ರಿಕೆ ಇದೆ. ಹುಡುಗಿ ನನ್ನ ಸೋದರಮಾವನ ಮಗಳು, ಪದ್ಮಾವತಿ. ಎರಡು ವರ್ಷದಿಂದ ಅವ್ವನ ಒಂದೇ ಹಾಡು: “ನಾ ಕಣ್ಣು ಮುಚ್ಚೂದ್ರಾಗ ಅಕ್ಕಿಕಾಳು ಹಾಕಸೋ ಯಪ್ಪಾ.” ಯಾಕೆ ಬೇಡ ಅನ್ನಲು ನನ್ನ ಹತ್ತಿರ ಕಾರಣ ಉಳಿದಿರಲಿಲ್ಲ.

ನಿಮ್ಮ ಯಜಮಾನರ ಸಮೇತ ಬಂದರೆ ಸಂತೋಷ.

ಗುರುನಾಥ


ಬೇಲಾಪುರ
4 ಮೇ 2009

ಗುರುನಾಥ ಅವರಿಗೆ,

ಪತ್ರಿಕೆ ತಲುಪಿತು. ಮಾರ್ಚ್ ಮುಗಿದರೂ ಆಫೀಸಿನಲ್ಲಿ ಕೆಲಸ ಮುಗಿದಿಲ್ಲ, ರಜೆ ಸಿಗಲಿಕ್ಕಿಲ್ಲ. ನಮ್ಮ ಮನೆಯಲ್ಲಿ ಎಲ್ಲರೂ ಚೆನ್ನಾಗಿದ್ದಾರೆ. ಪದ್ಮಾವತಿಯವರಿಗೆ ಒಂದು ಸೀರೆ ಕಳಿಸಿದ್ದೇನೆ, ಹಸಿರು ಅವರಿಗೆ ಒಪ್ಪುತ್ತದೋ ಇಲ್ಲವೋ ಗೊತ್ತಿಲ್ಲ.

ನಿಮ್ಮಿಬ್ಬರಿಗೂ ಒಳ್ಳೆಯದಾಗಲಿ.

ಅಶ್ಮಿತಾ


ಡೊಂಬಿವಲಿ
16 ಫೆಬ್ರವರಿ 2014

ಗುರುನಾಥ,

ಐದು ವರ್ಷದ ಮೇಲೆ ಬರೆಯುತ್ತಿದ್ದೇನೆ, ಅದೂ ಮತ್ತೆ ‘ನೀನು’ ಎಂದು. ಈ ಪತ್ರವನ್ನು ‘ನೀವು’ ಎಂದು ಬರೆದು ಮುಗಿಸಲು ನನ್ನಿಂದಾಗುವುದಿಲ್ಲ.

ಮಾಸ್ತರು ಹೋದ ತಿಂಗಳು ತೀರಿಕೊಂಡರು. ಬೆಳಿಗ್ಗೆ ಕ್ಲಾಸು ಮುಗಿಸಿ, ಚಹಾ ಕುಡಿದು, ಪೇಪರು ಹಿಡಿದು ಕುಳಿತವರು ಹಾಗೇ ಹೋದರು. ಕೊನೆಯ ತನಕ ಯಾರಿಗೂ ತೊಂದರೆ ಕೊಡಲಿಲ್ಲ.

ನಿನ್ನೆ ಸ್ವರ್ಣಲತಕ್ಕ, ಅವರ ಹೆಂಡತಿ, ನನ್ನನ್ನು ಕರೆಸಿ ಕ್ಲಾಸಿನ ಕಾಗದಪತ್ರಗಳಿದ್ದ ಬಿಸ್ಕತ್ತಿನ ಡಬ್ಬಿ ಕೊಟ್ಟರು. ಅದರ ತಳದಲ್ಲಿ ನಾಲ್ಕೈದು ಲಕೋಟೆಗಳಿದ್ದವು, ಒಂದರ ಮೇಲೆ ನಿನ್ನ ಅಕ್ಷರ. ಮೇ 2007ರದ್ದು. ಒಡೆದೇ ಇರಲಿಲ್ಲ.

“ಆಗ ಇವರಿಗೆ ಕಣ್ಣಿನ ಆಪರೇಶನ್ ಆಗಿತ್ತಲ್ಲ,” ಎಂದರು ಸ್ವರ್ಣಲತಕ್ಕ. “ಓದಬಾರದು ಅಂತ ಡಾಕ್ಟ್ರು ಹೇಳಿದ್ದಕ್ಕೆ ಬಂದ ಪತ್ರವೆಲ್ಲ ನಾನೇ ಇದರಲ್ಲಿ ಹಾಕಿಟ್ಟದ್ದು. ಮತ್ತೆ ಕೊಡ್ಲಿಕ್ಕೆ ಮರ್ತೇಹೋಯ್ತು ನೋಡು. ಅರ್ಜೆಂಟಿನದ್ದು ಇತ್ತಾ?”

ಇಲ್ಲ ಎಂದೆ.

ಮನೆಗೆ ತಂದು ಒಡೆದೆ. ಸೊಲ್ಲಾಪುರದಲ್ಲಿ ನಿನಗೆ ಕಪ್ಪು ಪಟ್ಟಿಯ ಎರಡನೇ ದರ್ಜೆ ಸಿಕ್ಕಿತು ಎಂದಿತ್ತು. ‘ಈಗ ನಾನು ಅಶ್ಮಿತಾ ಅವರಿಗಿಂತ ಮೇಲಾದೆ, ಈ ಸುದ್ದಿಯನ್ನು ತಾವೇ ಅವರಿಗೆ ತಿಳಿಸಬೇಕು’ ಎಂದಿತ್ತು. ಆಮೇಲೆ ನಿನ್ನ ಜೂನ್ ತಿಂಗಳ ಪತ್ರ ತೆಗೆದು ಪಕ್ಕದಲ್ಲಿಟ್ಟುಕೊಂಡೆ. ಹೌದು, ಇಟ್ಟುಕೊಂಡಿದ್ದೇನೆ, ಎಲ್ಲವನ್ನೂ. ಸರದಿ ನನ್ನದಲ್ಲ ಎಂದು ಬರೆದಿದ್ದೆಯಲ್ಲ! ನೀನು ಹಿರಿಯನಾದೆ, ಇನ್ನು ಕಿರಿಯವಳು ಅಶ್ಮಿತಾ, ಅವಳೇ ಮೊದಲು ಬಾಯಿ ಬಿಡಲಿ ಎಂದು ನೀನು ಕಾದೆ. ನನಗೆ ಏನೂ ಗೊತ್ತಿಲ್ಲದೆ, ನಾನು ಹಿರಿಯವಳೆಂದು ನಾನು ಕಾದೆ. ಬೀಸುಕಲ್ಲಿಗೆ ಹೇಳಿದ ನಿಯಮವನ್ನು ಬಾಳಿಗೆ ಹಾಕಿಕೊಂಡ ಇಂಥ ಎರಡು ಪೆದ್ದುಗಳನ್ನು ಮಾಸ್ತರು ಜನ್ಮದಲ್ಲಿ ಕಂಡಿರಲಿಕ್ಕಿಲ್ಲ. ಕೈಗೆ ಬಂದದ್ದು ಬಾಯಿಗೆ ಬರಲಿಲ್ಲ ಗುರುನಾಥ. ನಗು ಬಂತು, ಆಮೇಲೆ ಬಹಳ ಹೊತ್ತು ಅತ್ತೆ. ಅಮ್ಮ ಬಾಗಿಲು ತಟ್ಟಿದಾಗ ಮಾಸ್ತರ ನೆನಪಾಯಿತು ಎಂದೆ.

ಇನ್ನೊಂದು ವಿಷಯ. ನಾನು ರಂಜನ್‌ನನ್ನು ಮದುವೆಯಾಗಲಿಲ್ಲ. ನಿನ್ನ ‘ಸುಖವಾಗಿರಿ’ ಬರುವ ಮೊದಲೇ ಬೇಡ ಅಂದಿದ್ದೆ. ಆಮೇಲೆಯೂ ಯಾರನ್ನೂ ಆಗಲಿಲ್ಲ. ನಿನ್ನ ಲಗ್ನಪತ್ರಿಕೆ ಬಂದಾಗ ಇದನ್ನು ಬರೆಯಬಹುದಿತ್ತು. ‘ಯಜಮಾನರ ಸಮೇತ ಬನ್ನಿ’ ಎಂದಿದ್ದೆಯಲ್ಲ, ಸಿಟ್ಟು ಬಂತು, ಹಾಗೇ ನಂಬಿಕೊಂಡಿರಲಿ ಎಂದು ಬಿಟ್ಟೆ.

ಕ್ಲಾಸು ನಿಂತಿದೆ. ಇಪ್ಪತ್ತೆರಡು ಮಕ್ಕಳು ಸಂಜೆ ಬಂದು ಟೆರೇಸಿನ ಬೀಗ ನೋಡಿ ಹೋಗುತ್ತಿದ್ದಾರೆ. ಇದನ್ನು ನಿನಗೆ ಯಾಕೆ ಬರೆದೆನೋ.

ಅಶ್ಮಿತಾ


ಸಿಂದಗಿ ತಾಲೂಕು
9 ಮಾರ್ಚ್ 2014

ಅಶ್ಮಿತಾ,

ನಿನ್ನ ಪತ್ರವನ್ನು ಅಂಗಳದಲ್ಲಿ ನಿಂತು ಓದಿದೆ. ಪದ್ಮಾವತಿ ಜೋಳ ಹಸನು ಮಾಡುತ್ತಿದ್ದಳು. ತಲೆ ಎತ್ತಿ, “ಯಾರ ಕಾಗದರೀ? ಮಾರಿ ಯಾಕ ಹಂಗಾತು?” ಎಂದಳು. ಮಾಸ್ತರು ತೀರಿಕೊಂಡರಂತೆ ಎಂದೆ. ಸುಳ್ಳಲ್ಲ, ಆದರೆ ಅರ್ಧ ನಿಜ. ಅವಳು ಮೊರ ಬದಿಗಿಟ್ಟು ನನಗೆ ನೀರು ತಂದುಕೊಟ್ಟಳು. ನಮಗೆ ನಾಲ್ಕು ವರ್ಷದ ಮಗಳಿದ್ದಾಳೆ, ದಿಶಾ.

ಮಾಸ್ತರು ಆ ಪತ್ರಕ್ಕೆ ಉತ್ತರಿಸದಿದ್ದಾಗ ಬೇರೆಯವರ ಕೈಯಲ್ಲಿ ಪರೀಕ್ಷೆ ಕೊಟ್ಟೆನೆಂದು ಮುನಿಸಿಕೊಂಡಿದ್ದಾರೆ ಎಂದುಕೊಂಡೆ. ಮತ್ತೆ ಬರೆಯುವ ಧೈರ್ಯವಾಗಲಿಲ್ಲ. ನಿಜ ಹೇಳಲೇ? ನಿಯಮದ ಮರೆಯಲ್ಲಿ ನಾನು ಅಡಗಿಕೊಂಡೆ. ಕಿರಿಯನಾಗಿದ್ದ ಎರಡು ವರ್ಷ ತಳ್ಳಬೇಕಾದವನು ನಾನೇ ಆಗಿದ್ದೆ, ತಳ್ಳಲಿಲ್ಲ. ಹಮಾಲನ ಮಗ ಹೋಟೆಲಿನವರ ಮಗಳನ್ನು ಕೇಳುವುದು ಹೇಗೆಂದು ಹೆದರಿದೆ. ಸೊಲ್ಲಾಪುರದಲ್ಲಿ ದರ್ಜೆ ಸಿಕ್ಕಾಗ, ಪಾರಾದೆ, ಇನ್ನು ಅವಳೇ ಕೇಳಲಿ ಎಂದುಕೊಂಡೆ. ಕಲ್ಯಾಣ ಸ್ಟೇಷನ್ನಿನಲ್ಲಿ ಹೇಳಬೇಕೆಂದಿದ್ದದ್ದು, ನೀನಿಲ್ಲದೆ ನನಗೆ ಆಗುವುದಿಲ್ಲ ಎಂದು. ಅಷ್ಟೇ.

ಈಗ ಒಂದು ಮಾತು ಕೇಳುತ್ತೇನೆ. ಮಾಸ್ತರ ಕ್ಲಾಸು ನಾನು ವಹಿಸಿಕೊಳ್ಳಬಹುದು. ಕಲ್ಯಾಣದ ಆಚೆಯ ಟಿಟ್ವಾಳಾದಲ್ಲಿ ಮನೆಗಳು ಅಗ್ಗವಂತೆ, ಅಪ್ಪ ಅವ್ವನಿಗೂ ಹತ್ತಿರ. ಪದ್ಮಾವತಿಗೆ ಹೇಳಿದೆ, ಮಗಳಿಗೆ ಒಳ್ಳೆಯ ಶಾಲೆ ಸಿಗುತ್ತದೆಂದು ಕುಣಿಯುತ್ತಿದ್ದಾಳೆ. ನೀನು ಬಾ ಎಂದರೆ ಜೂನ್‌ಗೆ ಬಂದುಬಿಡುತ್ತೇನೆ. ‘ಪಾಠ ಮಾಡಲು ಮಾತ್ರ ಬರುತ್ತೇನೆ’ ಎಂದು ಮೂರು ಸಲ ಬರೆದು ಮೂರು ಸಲ ಹೊಡೆದುಹಾಕಿದ್ದೇನೆ, ಗುರುತು ಮೇಲೆಯೇ ಕಾಣುತ್ತದೆ.

ಬರಲೇ?

ಗುರುನಾಥ


ಡೊಂಬಿವಲಿ
23 ಮಾರ್ಚ್ 2014

ಗುರುನಾಥ,

ಬರಬೇಡ.

ಈ ಒಂದು ಪದ ಬರೆಯಲು ಒಂಬತ್ತು ದಿನ ಬೇಕಾಯಿತು. ಪತ್ರ ಬಂದ ದಿನ ‘ಬಾ’ ಎಂದು ಬರೆದು, ಲಕೋಟೆ ಅಂಟಿಸಿ, ಬೇಲಾಪುರ ಸ್ಟೇಷನ್ನಿನ ಎದುರಿನ ಟಪಾಲು ಡಬ್ಬಿಯ ತನಕ ಹೋಗಿದ್ದೆ. ಕೈಯೂ ಎತ್ತಿದ್ದೆ. ಹಿಂದೆ ನಿಂತಿದ್ದ ಹೆಂಗಸು “ಟಾಕಾ ಕೀ ಹೋ ಲವ್‌ಕರ್” ಎಂದು, ಬೇಗ ಹಾಕುವಂತೆ, ಗೊಣಗಿದಳು. ಹಾಕಲಿಲ್ಲ, ಪಕ್ಕಕ್ಕೆ ನಿಂತು ಅವಳಿಗೆ ದಾರಿ ಬಿಟ್ಟೆ.

ನಿನ್ನ ಹೆಂಡತಿಗೆ ನಿನ್ನ ಮುಖ ನೋಡಿದರೆ ಸಾಕು, ಎಲ್ಲಿ ನೋವಾಯಿತೆಂದು ಗೊತ್ತಾಗುತ್ತದೆ. ಕೇಳಿದಳು, ಉತ್ತರ ಪೂರ್ತಿ ಬರದಿದ್ದರೂ ನೀರು ತಂದುಕೊಟ್ಟಳು. ನಾನು ಎಷ್ಟು ಓದಿದರೂ ಆ ಮೊರ ಬದಿಗಿಟ್ಟದ್ದೇ ಕಣ್ಣಿಗೆ ಬರುತ್ತದೆ. ಅವಳಿಗೆ ನಾನು ಯಾರೆಂದೇ ಗೊತ್ತಿಲ್ಲ. ಟಿಟ್ವಾಳಾದಿಂದ ಅವಳು ಒಂದು ದಿನ ಮಗಳ ಕೈ ಹಿಡಿದು ಟೆರೇಸಿಗೆ ಬರುತ್ತಾಳೆ. ಮಕ್ಕಳಿಗೆ ತೋರಿಸಲೆಂದು ನಾವಿಬ್ಬರೂ ಆಗ ಎದುರುಬದುರು ನಿಂತಿರುತ್ತೇವೆ. ಅವಳು ಒಂದೇ ಸಲ ನೋಡಿದರೆ ಸಾಕು.

ಇಷ್ಟು ವರ್ಷ ನನಗೆ ಬಂದದ್ದನ್ನೆಲ್ಲ ಸುತ್ತು ಹಾಕಿಸಿ ಪಕ್ಕಕ್ಕೆ ಕಳಿಸಿದೆ. ಅಪ್ಪನ ಪ್ರಶ್ನೆಯನ್ನು, ಅಮ್ಮನ ಅಳುವನ್ನು, ನಿನ್ನ ಲಗ್ನಪತ್ರಿಕೆಯನ್ನೂ. ಅದರಲ್ಲಿ ನಾನು ನಿಪುಣೆ. ಈ ಸಲ ತಿರುಗಿಸುವುದಿಲ್ಲ. ನನಗೆ ನೀನು ಬೇಕಾಗಿದ್ದೆ. ಈಗಲೂ ಬೇಕು. ಟೆರೇಸಿನ ಮೆಟ್ಟಿಲು ಹತ್ತುವಾಗ, ಠಾಣೆಯಲ್ಲಿ ಗಾಡಿ ಬದಲಿಸುವಾಗ, ಅಂಗಾರಣ್ಣ ಟಪಾಲಿನ ಕಟ್ಟು ಹಿಡಿದು ಬರುವಾಗ ಬೇಕು. ಅದಕ್ಕೇ ಬರಬೇಡ ಅನ್ನುವುದು. ಬೇಡವಾಗಿದ್ದರೆ ಬಾ ಎನ್ನುತ್ತಿದ್ದೆ, ಮಕ್ಕಳಿಗೆ ಒಳ್ಳೆಯ ಮಾಸ್ತರು ಸಿಗುತ್ತಿದ್ದರು.

ಕ್ಲಾಸು ನಾನೇ ಶುರುಮಾಡಿದ್ದೇನೆ, ಹೋದ ಸೋಮವಾರದಿಂದ. ಮಯೂರ ಸಹಾಯಕ್ಕೆ ಬರುತ್ತಾನೆ, ಈಗ ಹೊಟ್ಟೆ ಬಂದಿದೆ, ಕೈ ಸ್ವಲ್ಪ ಮೆತ್ತಗಾಗಿದೆ. ಪದ್ಮಾವತಿಗೆ ಏನು ಹೇಳುತ್ತೀಯೋ ಹೇಳು, ಕಟ್ಟಡದ ಸೊಸೈಟಿಯವರು ಟೆರೇಸು ಕೊಡಲಿಲ್ಲ ಎಂದರೂ ಆದೀತು. ಶಾಲೆಯ ಆಸೆ ಹುಟ್ಟಿಸಿ ಮುರಿದದ್ದಕ್ಕೆ ನನ್ನ ಪರವಾಗಿ, ಹೆಸರು ಹೇಳದೆ, ಕ್ಷಮೆ ಕೇಳು.

ಈ ಪತ್ರಕ್ಕೆ ಉತ್ತರ ಬರೆಯಬೇಡ. ಬರೆದರೆ ಓದದೆ ಇರಲು ನನ್ನಿಂದಾಗುವುದಿಲ್ಲ.

ಅಶ್ಮಿತಾ